ಒದ್ದೆ ಸೆರಗು

ಮೊಳಕಾಲ್ಮುರುವಿನಿಂದ ಚಳ್ಳಕೆರೆಗೆ ಹೋಗುವ ಬೆಳಗಿನ ಬಸ್ಸಿನಲ್ಲಿ ಅವ್ವ ಕಿಟಕಿಗೆ ತಲೆಯಾನಿಸಿ ಮಂಪರಿಗೆ ಜಾರುತ್ತಿದ್ದಳು. ನಿದ್ದೆಯಲ್ಲೂ ಅವಳ ಬೆರಳುಗಳು ಮಗ್ಗದ ಮುಂದೆ ಕೂತಂತೆ ಮಿಸುಕುತ್ತಿದ್ದವು. ಕೊಂಡ್ಲಹಳ್ಳಿಯ ಕಡೆ ಎಳೆಬಿಸಿಲು ಅವಳ ಮಡಿಲಿಗಿಳಿದು ಬಸ್ಸಿನ ಜೊತೆ ತೂಗುತ್ತಿತ್ತು. ಕೋರ್ಟಿಗೆ ಹೊರಟಿದ್ದೇವೆ ಎಂಬುದೇ ನನಗೆ ಮರೆತುಹೋಗುತ್ತಿತ್ತು.

ಅವ್ವ ರೇಷ್ಮೆ ಸೀರೆ ನೇಯುವವಳು. ಚಳ್ಳಕೆರೆಯ ಬಟ್ಟೆ ವ್ಯಾಪಾರಿಯೊಬ್ಬ ಮದುವೆಗಳ ಕಾಲದಲ್ಲಿ ಅವಳ ಸೀರೆಗಳನ್ನೆಲ್ಲ ಕೊಂಡು, ದುಡ್ಡಿನ ಬದಲು, ಕೇಳಿದಾಗ ಕೊಡುತ್ತೇನೆಂದು ಪ್ರೋನೋಟು ಬರೆದುಕೊಟ್ಟಿದ್ದ. ಕೇಳಲು ಹೋದಾಗಲೆಲ್ಲ ಚಹಾ ತರಿಸುತ್ತಿದ್ದ, ದುಡ್ಡಿನ ಮಾತೆತ್ತುತ್ತಿರಲಿಲ್ಲ. ಕೊನೆಗೆ ಒಬ್ಬ ವಕೀಲಮ್ಮನ ಹತ್ತಿರ ಹೋದೆವು.

“ಪ್ರೋನೋಟು ಐತಲ್ಲಮ್ಮಾ, ಸಮ್ಮರಿ ದಾವೆ ಹಾಕಾಣ,” ಎಂದರು ಅವರು. “ಇದ್ರಾಗೆ ಸುಮ್ನೆ ವಾಯಿದೆ ಕೇಳ್ತಾ ಕೂರಂಗಿಲ್ಲ. ಅವ್ನು ತನ್ನ ಕಡೆ ಏನು ನ್ಯಾಯ ಐತೆ ಅಂತ ಮೊದ್ಲೇ ಜಡ್ಜಿಗೆ ತೋರ್ಸಬೇಕು. ಆಮೇಲೇನೇ ವಾದ ಮಾಡಾಕೆ ಅನುಮತಿ. ಇಲ್ಲಾಂದ್ರೆ ಡಿಕ್ರಿ ನಿಮ್ ಕಡೆ.”

ವ್ಯಾಪಾರಿ ಅನುಮತಿ ಕೇಳಿ ಅರ್ಜಿ ಹಾಕಿದ. ಸೀರೆಗಳು ಬಣ್ಣ ಬಿಟ್ಟವು, ಗಿರಾಕಿಗಳು ವಾಪಸ್ ತಂದರು ಎಂದು ಅದರಲ್ಲಿತ್ತು. ವಕೀಲಮ್ಮ ಅದನ್ನು ಓದಿ ಹೇಳಿದರು. ವಾಪಸ್ ಬರುವಾಗ ಬಸ್ಸು ಊರು ದಾಟಿದ ಮೇಲೆ ಅವ್ವ, “ನನ್ ಬಣ್ಣಕ್ಕೆ ಹೆಸರಿಟ್ಟುಬಿಟ್ನಲ್ಲೇ,” ಎಂದಳು. ಅವಳ ಕಣ್ಣು ತುಂಬಿದ್ದನ್ನು ನಾನು ಅಂದೇ ಮೊದಲು ನೋಡಿದ್ದು.

ವಿಚಾರಣೆಯ ದಿನ, ವ್ಯಾಪಾರಿಗೆ ಕೊಟ್ಟ ಸೀರೆಗಳದೇ ನೂಲು, ಬಣ್ಣದಲ್ಲಿ ನನಗೆಂದು ನೇಯ್ದಿಟ್ಟಿದ್ದ ನೇರಳೆ ಸೀರೆಯನ್ನು ಅವ್ವ ತಾನೇ ಉಟ್ಟು ಬಂದಳು. ಎಣ್ಣೆ ಮಿಲ್ಲುಗಳ ಕಡೆಯಿಂದ ಶೇಂಗಾದ ಬೆಚ್ಚನೆಯ ವಾಸನೆ ತೇಲಿಬಂದು ಕೋರ್ಟಿನ ಅಂಗಳವೆಲ್ಲ ತೂಕಡಿಸುತ್ತಿತ್ತು. ಬೇವಿನ ನೆರಳಿನಲ್ಲಿ ವ್ಯಾಪಾರಿ ನಿಂತಿದ್ದ. ಅವ್ವ ನೇರ ನಲ್ಲಿಯ ಬಳಿ ಹೋಗಿ ಸೆರಗನ್ನು ನೀರಿಗೊಡ್ಡಿದಳು. ಅವನೆದುರಿಗೇ ಹಿಂಡಿದಳು. ನೀರು ತಿಳಿಯಾಗಿಯೇ ಬಿತ್ತು.

“ಎಲ್ಲಿ ಬಿಡ್ತು ಬಣ್ಣ? ತೋರ್ಸಪ್ಪಾ.”

ಅವನು ಬಗ್ಗಿ ಕಾಲಡಿಯ ನೀರು ನೋಡಿದ, ಆ ಒದ್ದೆ ಸೆರಗು ನೋಡಿದ. “ಬಣ್ಣ ಬಿಟ್ಟಿಲ್ಲಕ್ಕಾ. ಅಂಗಡಿ ನಡೀತಿಲ್ಲ. ಏನಾರಾ ಬರೀಬೇಕಲ್ಲ ಅಂತ ಬರ್ಸಿದೆ.”

“ಅದನ್ನೇ ಒಳಗೆ ಹೇಳು.”

ಹೇಳಿದ. ಅವನ ವಕೀಲರು ತಡೆಯಲು ನೋಡಿದರು. ಆದರೂ, ಪ್ರೋನೋಟಿನ ಸಹಿ ನನ್ನದೇ, ಸೀರೆಯಲ್ಲಿ ದೋಷವಿಲ್ಲ, ಕಂತಿನಲ್ಲಿ ತೀರಿಸುತ್ತೇನೆ ಎಂದ. ಜಡ್ಜ್ ಕೇಳಿದಾಗ ಅವ್ವ ಒಪ್ಪಿದಳು. ಅವಳ ಸೆರಗಿನಿಂದ ಇನ್ನೂ ಹನಿ ಉದುರುತ್ತಿತ್ತು. ಡಿಕ್ರಿಯಾಯಿತು.

ಕೊನೆಯ ಕಂತು ಕೊಡಲು ಅವನೇ ನಮ್ಮ ಮನೆಗೆ ಬಂದ. ಮಗ್ಗದ ಮೇಲೆ ಗಿಳಿಹಸಿರಿನ ಸೀರೆಯೊಂದು ಅರ್ಧಕ್ಕೆ ನಿಂತಿತ್ತು.

“ಇದು ಯಾರಿಗಕ್ಕಾ?”

“ಮೊದ್ಲೇ ದುಡ್ಡು ಕೊಟ್ಟೋರಿಗೆ,” ಎಂದಳು ಅವ್ವ.

ಅವನು ನಕ್ಕ, ಅವ್ವನೂ ನಕ್ಕಳು. ನಾನು ಚಹಾ ತರುವಷ್ಟರಲ್ಲಿ ಅವನು ಹೊಸ ಸೀರೆಯೊಂದಕ್ಕೆ ಮುಂಗಡ ಕೊಟ್ಟು, ಅದರ ಅಂಚಿನ ಬಣ್ಣ ಯಾವುದಿರಲಿ ಎಂದು ಅವ್ವನನ್ನು ಕೇಳುತ್ತ ಕೂತಿದ್ದ.