ವಲೆನ್ಸಿಯಾದ ಓಣಿಯಲ್ಲಿ ಒಂದು ಬೆಲ್

...ಅಥವಾ ಆ ಸೈಕಲ್ ಹಸಿರಾಗಿರಲೇ ಇಲ್ಲವೇನೋ. ಹಸಿರು ಎಂದು ಬರೆದೆ, ಹೊಡೆದು ಹಾಕಿದೆ, ಮತ್ತೆ ಹಸಿರು ಎಂದೇ ಬರೆದಿದ್ದೇನೆ. ಗಂಡ ಹಳದಿ ಎನ್ನುತ್ತಾರೆ. ಮಗಳ ಫೋನಿನಲ್ಲಿ ಉಳಿದಿರುವ ಒಂದೇ ಫೋಟೋದಲ್ಲಿ ನನ್ನ ಸೈಕಲಿನ ಹಿಂದಿನ ಚಕ್ರ ಮಾತ್ರ ಇದೆ. ಚಕ್ರ ಎಲ್ಲ ಸೈಕಲಿನದೂ ಕಪ್ಪೇ. ಬಣ್ಣ ಯಾವುದಾದರೇನು ಎಂದು ಬಿಟ್ಟುಬಿಡಬಹುದು. ಆದರೆ ಬಣ್ಣವನ್ನು ಅವರಿಗೆ ಬಿಟ್ಟುಕೊಟ್ಟರೆ ಉಳಿದದ್ದನ್ನೂ ಬಿಟ್ಟುಕೊಡಬೇಕಾಗುತ್ತದೆ. ಉಳಿದದ್ದು ಎಂದರೆ ಇಷ್ಟೇ: ಸ್ಪೇನಿನ ಕಡಲ ಬದಿಯ ವಲೆನ್ಸಿಯಾ ಎಂಬ ಹಳೆಯ ಊರನ್ನು ನಾನು ಸೈಕಲ್ ತುಳಿದು ನೋಡಿದೆನೋ, ಇಲ್ಲ ಪೆಟ್ಟಿಗೆಯಲ್ಲಿ ಕುಳಿತು ನೋಡಿದೆನೋ.

ಪೆಟ್ಟಿಗೆಯ ಕತೆ ಗಂಡನದು. ದುಬೈಯ ಅಲ್ ಬರ್ಷಾದ ನಮ್ಮ ಫ್ಲಾಟಿಗೆ ಯಾರು ಬಂದರೂ ಅದನ್ನು ಹೇಳುತ್ತಾರೆ. ನಾವು ಯಾರ ಮನೆಗೆ ಹೋದರೂ ಹೇಳುತ್ತಾರೆ. ಕಳೆದ ಸಲ ಹೇಳಿದ್ದು ಅಬುಧಾಬಿಯ ಟೂರಿಸ್ಟ್ ಕ್ಲಬ್ ಏರಿಯಾದಲ್ಲಿ, ಅವರ ಅಕ್ಕನ ಮನೆಯಲ್ಲಿ. ಭಾನುವಾರದ ಮಧ್ಯಾಹ್ನ. ಕೋರಿ ರೊಟ್ಟಿ ತಿಂದು ಕೈ ತೊಳೆದು ಎಲ್ಲರೂ ಸೋಫಾಕ್ಕೆ ಒರಗಿದ್ದರು. ಅಕ್ಕನ ಮನೆಯವರಲ್ಲದೆ ಪಕ್ಕದ ಫ್ಲಾಟಿನ ಗಂಡ ಹೆಂಡತಿಯೂ ಇದ್ದರು. ಹೊಸ ಕಿವಿಗಳು ಸಿಕ್ಕಿದರೆ ಕತೆ ತಾನಾಗಿ ಹೊರಡುತ್ತದೆ.

"ಅಕ್ಕ, ಇವಳ ಸೈಕಲ್ ಸವಾರಿ ಇವರಿಗೆ ಹೇಳಿದ್ಯಾ? ಮೂರು ತಿಂಗಳು ಪಾರ್ಕಲ್ಲಿ ಪ್ರಾಕ್ಟೀಸ್. ಹೆಲ್ಮೆಟ್ ಎಂತ, ಗ್ಲೌಸ್ ಎಂತ! ಅಲ್ಲಿಗೆ ಹೋಗಿ ಓಣಿಯಲ್ಲಿ ದಡಾರಂತ ಬಿದ್ಲು. ಮತ್ತೆ ಮಕ್ಕಳನ್ನು ಕೂರಿಸುವ ಬಾಕ್ಸಲ್ಲಿ ಕೂತು..." ಇಲ್ಲಿ ಒಂದು ಸಣ್ಣ ನಿಲುಗಡೆ. "...ಮಹಾರಾಣಿ ಹಾಗೆ ಬಂದ್ಳು."

ಎಲ್ಲರೂ ನಕ್ಕರು. ನಾವು ಆಡಿದ್ದು ತುಳು; ನಾನು ಬರೆಯುತ್ತಿರುವುದು ಕನ್ನಡ. ಅಲ್ಲೇ ಒಂದು ಪದರ ಕಳೆದುಹೋಯಿತು. ಆ ನಿಲುಗಡೆ ಮಾತ್ರ ಎರಡು ಭಾಷೆಯಲ್ಲೂ ಒಂದೇ.

ಅವರು ಕತೆಯನ್ನು ಚೆನ್ನಾಗಿ ಹೇಳುತ್ತಾರೆ. ನನ್ನ ತಕರಾರೇ ಅದು. ಬಹಳ ವರ್ಷ ಅವರ ಕೆಲಸ ದೂರದ ಮದೀನತ್ ಜಾಯೆದ್‌ನಲ್ಲಿತ್ತು, ತೈಲ ಕಂಪನಿಯ ಕ್ಯಾಂಪಿನಲ್ಲಿ. ವಾರದ ಕೊನೆಗೆ ಮಾತ್ರ ಮನೆ. ನಾನೂ ಮಗಳೂ ವಾರವಿಡೀ ಬದುಕಿದ್ದನ್ನು ಅವರಿಗೆ ಒಂದು ಊಟದ ಹೊತ್ತಿನಲ್ಲಿ ಹೇಳಿ ಮುಗಿಸಬೇಕಿತ್ತು. ಅವರ ವಾರವೂ ಅಷ್ಟರಲ್ಲೇ ಮುಗಿಯಬೇಕಿತ್ತು. ಹಾಗಾಗಿ ನಮ್ಮ ಮನೆಯಲ್ಲಿ ಏನೇ ನಡೆದರೂ ಅದು ಬೇಗ ಕತೆಯಾಗುತ್ತದೆ: ಚಿಕ್ಕದಾಗಿ, ನಗು ಬರುವ ಹಾಗೆ, ಒಂದು ಬೀಳುವಿಕೆ ಸಮೇತ. ಕತೆಗೆ ಹಿಡಿಸದ್ದು ಉದುರಿ ಹೋಗುತ್ತದೆ. ಉದುರಿದ್ದನ್ನು ಹೆಕ್ಕುವವರು ಯಾರೂ ಇಲ್ಲ.

ನಾನು ಹೆಕ್ಕುತ್ತಿದ್ದೇನೆ.

ವೀಸಾ ಬರುವ ಮೊದಲೇ ಅವರು ಟೂರ್ ಬುಕ್ ಮಾಡಿದ್ದರು. ಗೈಡ್ ಜೊತೆ ಅರ್ಧ ದಿನ ಊರು ಸುತ್ತುವುದು. ಅವರಿಗೊಂದು ಸೈಕಲ್, ಮಗಳಿಗೊಂದು ಸೈಕಲ್, ನನಗೆ ಒಂದು ಸೀಟು. ಗೈಡ್ ತುಳಿಯುವ ಸೈಕಲಿನ ಮುಂದೆ ಮರದ ಪೆಟ್ಟಿಗೆ ಇರುತ್ತದಂತೆ. ಸಣ್ಣ ಮಕ್ಕಳನ್ನೋ ಸಾಮಾನನ್ನೋ ಅದರಲ್ಲಿ ಇಡುವುದಂತೆ.

"ನಿನಗೆ ಬರುದಿಲ್ಲ ಅಲ್ವಾ ಮಾರಾಯ್ತಿ. ಈ ಪ್ರಾಯದಲ್ಲಿ ಕಾಲು ಮುರ್ಕೊಂಡ್ರೆ?"

"ಬರುದಿಲ್ಲ ಅಂದ್ರೆ ಕಲೀತೇನೆ."

"ಈ ಬಿಸಿಲಲ್ಲಾ?"

"ಬಿಸಿಲು ನಿಮ್ಮದಾ?"

ಮರುದಿನವೇ ಮಗಳನ್ನು ಎಬ್ಬಿಸಿಕೊಂಡು ಮನೆ ಹತ್ತಿರದ ಪಾರ್ಕಿಗೆ ಹೋದೆ. ಬೆಳಕು ಹರಿಯುವ ಹೊತ್ತಿಗೇ ಗಾಳಿ ಒದ್ದೆ ಬಟ್ಟೆಯ ಹಾಗೆ ಮೈಗೆ ಅಂಟುತ್ತಿತ್ತು, ಕನ್ನಡಕ ಮಂಜಾಗುತ್ತಿತ್ತು. ಮಗಳು ಸೀಟಿನ ಹಿಂಭಾಗ ಹಿಡಿದುಕೊಂಡು ಓಡುತ್ತಿದ್ದಳು. ನಾನು ಕನ್ನಡದಲ್ಲೋ ತುಳುವಿನಲ್ಲೋ ಕಿರುಚಿದರೆ ಅವಳ ಉತ್ತರ ಇಂಗ್ಲಿಷಿನಲ್ಲಿ.

"ಅಮ್ಮಾ, ಡೋಂಟ್ ಲುಕ್ ಡೌನ್! ಎಲ್ಲಿಗೆ ಹೋಗ್ಬೇಕೋ ಅಲ್ಲಿಗೆ ಲುಕ್ ಮಾಡು!"

"ಎಲ್ಲಿಗೆ ಹೋಗ್ಬೇಕು ಅಂತ ಗೊತ್ತಿದ್ರೆ ಅಲ್ವಾ ನೋಡುದು!"

"ದ ಡಸ್ಟ್‌ಬಿನ್, ಅಮ್ಮಾ! ದ ಗ್ರೀನ್ ಒನ್!"

ಹಾಗೆ ಕಸದ ಡಬ್ಬಿಯನ್ನು ದಿಟ್ಟಿಸುತ್ತಾ ಕಲಿತೆ. ಆ ಡಬ್ಬಿಯ ಹಸಿರೇ ವಲೆನ್ಸಿಯಾದ ಸೈಕಲಿಗೂ ಅಂಟಿಕೊಂಡಿತೋ ಏನೋ. ಇರಬಹುದು. ನೆನಪು ಇಂಥ ಕೆಲಸ ಮಾಡುತ್ತದೆ, ಕೇಳದೆ ಬಣ್ಣ ಬಳಿಯುತ್ತದೆ. ಆದರೆ ಕಲಿತದ್ದಕ್ಕೆ ಬಣ್ಣ ಬೇಕಿಲ್ಲ. ಇಂದೂ ಬೆಳಿಗ್ಗೆ ಹೋಗಿ ಅದೇ ದಾರಿಯಲ್ಲಿ ತುಳಿದು ಬಂದಿದ್ದೇನೆ.

ಟೂರಿನ ದಿನ ಸೈಕಲ್ ಅಂಗಡಿಯ ಎದುರು ಗೈಡ್ ನಿಂತಿದ್ದಳು. ಎತ್ತರದ ಹೆಂಗಸು, ಕತ್ತರಿಸಿದ ಬಿಳಿ ಕೂದಲು, ಬಿಸಿಲಿಗೆ ಕೆಂಪಾದ ಮೂಗು. ಗಂಡ ನನ್ನನ್ನು ತೋರಿಸಿ ಪೆಟ್ಟಿಗೆಯನ್ನು ತೋರಿಸಿದರು. ನಾನು ಸಾಲಾಗಿ ನಿಲ್ಲಿಸಿದ್ದ ಸೈಕಲುಗಳನ್ನು ತೋರಿಸಿದೆ. ಅವಳು ನಮ್ಮಿಬ್ಬರ ಮುಖ ನೋಡಿದಳು. ನನ್ನ ಎತ್ತರಕ್ಕೆ ಸೀಟು ಇಳಿಸಿ ಒಂದು ಸೈಕಲ್ ಕೊಟ್ಟು, ಪೆಟ್ಟಿಗೆಗೆ ತನ್ನ ಚೀಲ ಹಾಕಿಕೊಂಡಳು. ಗಂಡ ಹೆಗಲು ಕುಣಿಸಿದರು. "ಯಲ್ಲಾ, ನಡಿ. ಬಿದ್ರೆ ನನ್ನನ್ನು ಕರೀಬೇಡ."

ಊರಿನ ನಡುವೆ ಹೊಳೆ ಇತ್ತಂತೆ. ಒಮ್ಮೆ ಉಕ್ಕಿ ಊರನ್ನು ಮುಳುಗಿಸಿದ ಮೇಲೆ ಹೊಳೆಯನ್ನೇ ಊರ ಹೊರಗೆ ತಿರುಗಿಸಿ, ಖಾಲಿಯಾದ ಪಾತ್ರದಲ್ಲಿ ತೋಟ ಮಾಡಿದ್ದಾರೆ. ನಾವು ಆ ತೋಟದಲ್ಲಿ, ಹಳೆಯ ಕಲ್ಲಿನ ಸೇತುವೆಗಳ ಅಡಿಯಲ್ಲಿ ತುಳಿಯುತ್ತಾ ಹೋದೆವು. ನೀರು ಹರಿಯಬೇಕಾದ ಜಾಗದಲ್ಲಿ ನಾನು ಹೋಗುತ್ತಿದ್ದೆ. ಬಿದ್ದಿರಲಿಲ್ಲ. ಯಾರೂ ಸೀಟು ಹಿಡಿದಿರಲಿಲ್ಲ. ಇದರ ಬಗ್ಗೆ ಗಂಡನ ಕತೆಯಲ್ಲಿ ಒಂದು ಮಾತೂ ಇಲ್ಲ. ಇಷ್ಟು ದೂರ ಏನೂ ಆಗಲಿಲ್ಲವಲ್ಲ, ಏನೂ ಆಗದ್ದನ್ನು ಕತೆ ಏನು ಮಾಡಬೇಕು?

ಹೊಳೆಯಿಂದ ಮೇಲೆ ಹತ್ತಿ, ಎರಡು ದಪ್ಪ ಬುರುಜುಗಳ ಹೆಬ್ಬಾಗಿಲು ದಾಟಿ ಹಳೆಯ ಊರಿನೊಳಗೆ ಹೋದೆವು. ಕೋಟೆಯ ಗೋಡೆ ಯಾವತ್ತೋ ಹೋಗಿದೆ, ಬಾಗಿಲು ಉಳಿದಿದೆ. ಒಳಗೆ ಓಣಿಗಳು. ಗೈಡ್ ಮುಂದೆ, ಅವಳ ಬೆನ್ನಿಗೆ ಮಗಳು. ಅವರಿಬ್ಬರೂ ತಿರುವಿನಲ್ಲಿ ಮರೆಯಾದರು. ನನ್ನ ಎದುರು ಗಂಡ, ಅವರ ಹಿಂದೆ ನಾನು.

ಅಲ್ಲಿ ಒಂದು ಕಾಫಿ ಅಂಗಡಿ ಇತ್ತು. ಕಾಫಿಯ ಪರಿಮಳ ಓಣಿ ತುಂಬಾ. ಗಂಡ ಬ್ರೇಕ್ ಹಾಕಿ ಓಣಿಯ ನಟ್ಟನಡುವೆ ನಿಂತರು. ಇಳಿಯಲಿಲ್ಲ. ಒಂದು ಕಾಲು ನೆಲಕ್ಕೆ, ಇನ್ನೊಂದು ಪೆಡಲಿನ ಮೇಲೆ. ಅಂಗಡಿಯ ಬಾಗಿಲ ಕಡೆ ನೋಡುತ್ತಾ ಬೆಲ್ ಹೊಡೆದರು. ಟ್ರಿಂಗ್, ಟ್ರಿಂಗ್.

ನಮ್ಮ ದುಬೈಯಲ್ಲಿ ಚಹಾಕ್ಕೆ ಯಾರೂ ಕಾರಿನಿಂದ ಇಳಿಯುವುದಿಲ್ಲ. ಕೆಫೆಟೇರಿಯಾ ಎದುರು ಕಾರು ನಿಲ್ಲಿಸಿ ಒಂದು ಹಾರ್ನ್ ಹಾಕಿದರೆ ಒಳಗಿನಿಂದ ಯಾರಾದರೂ ಬರುತ್ತಾರೆ. ಅರ್ಧ ಇಳಿಸಿದ ಗಾಜಿನಲ್ಲಿ "ಎರಡು ಕರಕ್" ಎಂದರೆ ಕರಕ್ ಚಹಾ ಕಾಗದದ ಲೋಟದಲ್ಲಿ ಅದೇ ಗಾಜಿನೊಳಗೆ ಬರುತ್ತದೆ. ಬಂದ ಹೊಸದರಲ್ಲಿ ನಮಗೆ ಇದು ನಾಚಿಕೆ ಎನಿಸುತ್ತಿತ್ತು. ಆಮೇಲೆ ಅಭ್ಯಾಸವಾಯಿತು. ಆಮೇಲೆ ಅದು ಅಭ್ಯಾಸ ಎಂಬುದೂ ಮರೆಯಿತು. ವಲೆನ್ಸಿಯಾದ ಬೆಲ್ ಒತ್ತಿದ್ದು ಆ ಮರೆತ ಕೈ.

ಅಲ್ಲಿ ಯಾರೂ ಹೊರಗೆ ಬರಲಿಲ್ಲ. ಪೇಪರ್ ಓದುತ್ತಿದ್ದ ಒಬ್ಬ ಮುದುಕ ತಲೆ ಎತ್ತಿದ. ಬಂದವಳು ನಾನು, ಹಿಂದಿನಿಂದ, ನೇರವಾಗಿ. ಬ್ರೇಕ್ ಹಿಡಿದೆ, ಹ್ಯಾಂಡಲ್ ತಿರುಗಿಸಿದೆ, ಗೋಡೆ ಬದಿಯ ದೊಡ್ಡ ಹೂಕುಂಡಕ್ಕೆ ಚಕ್ರ ಬಡಿಯಿತು. ಮಂಡಿ ತರಚಿತು, ಅಂಗೈ ಉರಿಯಿತು.

"ನಾನು ಹೇಳಿದ್ದೆ ಅಲ್ವಾ?" ಎಂದರು ಗಂಡ. ಮೊದಲ ಮಾತೇ ಅದು. ಇದನ್ನು ನಾನು ಕೋರ್ಟಿನಲ್ಲೂ ಹೇಳಬಲ್ಲೆ.

ಸದ್ದು ಕೇಳಿ ಗೈಡ್ ಹಿಂದಿರುಗಿ ಬಂದಳು. ಪೆಟ್ಟಿಗೆಯಿಂದ ಚೀಲ ಎತ್ತಿ ಹೆಗಲಿಗೆ ಹಾಕಿಕೊಂಡು, ಅಂಗೈಯಿಂದ ಪೆಟ್ಟಿಗೆಯ ಅಂಚು ತಟ್ಟಿದಳು. ಬಾ, ಕೂರು. ನಾನು "ನೋ" ಎಂದೆ.

ಇಲ್ಲಿಂದ ಮುಂದೆ ನನ್ನ ಬಳಿ ಎರಡು ನೆನಪುಗಳಿವೆ. ಒಂದರಲ್ಲಿ ಹ್ಯಾಂಡಲ್ ಸ್ವಲ್ಪ ಸೊಟ್ಟಗಿದೆ, ಉರಿಯುವ ಅಂಗೈಗೆ ಕಲ್ಲುಹಾಸಿನ ನಡುಕ ತಾಗುತ್ತಿದೆ, ಓಣಿ ಮುಗಿದು ದೊಡ್ಡ ಇಗರ್ಜಿಯ ಚೌಕದ ಬೆಳಕು ಒಮ್ಮೆಲೇ ಕಣ್ಣಿಗೆ ಹೊಡೆಯುತ್ತಿದೆ. ಇನ್ನೊಂದರಲ್ಲಿ ಮೊಣಕಾಲು ಎದೆಯ ಹತ್ತಿರ ಇದೆ, ಮರದ ವಾಸನೆ ಇದೆ, ಮತ್ತು ಒಂದು ಕಂದು ನಾಯಿ ನನ್ನ ಕಣ್ಣಿಗೆ ಕಣ್ಣಿಟ್ಟು ನೋಡುತ್ತಿದೆ. ತೊಂದರೆ ಕೊಡುವುದು ಈ ನಾಯಿ. ಸೈಕಲ್ ಮೇಲೆ ಕೂತವಳ ಕಣ್ಣಿನ ಮಟ್ಟಕ್ಕೆ ನಾಯಿ ಬರುವುದಿಲ್ಲ. ನೆಲಕ್ಕೆ ಬಿದ್ದಾಗ ಬಂದಿರಬಹುದು. ಮರದ ವಾಸನೆ ಮೊದಲೇ ಸೈಕಲ್ ಅಂಗಡಿಯ ಎದುರು, ಗೈಡ್ ಸೀಟು ಇಳಿಸುತ್ತಿದ್ದಾಗ ತಮಾಷೆಗೆ ಪೆಟ್ಟಿಗೆಯಲ್ಲಿ ಕೂತು ನೋಡಿದ್ದರಿಂದ ಬಂದಿರಬಹುದು. ಬೇರೆ ಬೇರೆ ಹೊತ್ತಿನ ಚೂರುಗಳನ್ನು ತಲೆ ಒಟ್ಟಿಗೆ ಹೊಲಿದಿರಬಹುದು. ಹೊಲಿದದ್ದು ನನ್ನ ತಲೆಯೋ, ಇಷ್ಟು ಸಲ ಕೇಳಿದ ಗಂಡನ ಕತೆಯೋ?

ಮಗಳು ಆಗ ಚೌಕದಲ್ಲಿ ಕಾಯುತ್ತಿದ್ದಳು. ಅವಳನ್ನು ಕೇಳಿದೆ.

"ಐ ವಾಸ್ ಆನ್ ಮೈ ಫೋನ್, ಅಮ್ಮಾ. ತಲೆ ಎತ್ತಿದ್ರೆ ಯೂ ಬೋತ್ ವರ್ ಜಸ್ಟ್ ದೇರ್. ನಿಂತ್ಕೊಂಡು ಫೈಟಿಂಗ್."

ಆ ಟೂರ್ ಕಂಪನಿಗೆ ಮೆಸೇಜ್ ಹಾಕಿ ಗೈಡನ್ನೇ ಕೇಳಬಹುದಿತ್ತು. ಕೇಳಿಲ್ಲ, ಕೇಳುವುದೂ ಇಲ್ಲ. ದಿನಕ್ಕೊಂದು ಗುಂಪನ್ನು ಸುತ್ತಿಸುವವಳ ನೆನಪು ನನ್ನದಕ್ಕಿಂತ ಮೇಲೆಂದು ಯಾಕೆ ಒಪ್ಪಬೇಕು?

ಮತ್ತೆ ಅಬುಧಾಬಿಯ ಆ ಮಧ್ಯಾಹ್ನಕ್ಕೆ ಬರುತ್ತೇನೆ. "ಮಹಾರಾಣಿ" ಆಯಿತು, ನಗು ಆಯಿತು. ಪ್ರತಿ ಸಲ ನಾನು ಇಲ್ಲಿ ಎದ್ದು ಅಡಿಗೆಮನೆಗೆ ಹೋಗುತ್ತಿದ್ದೆ. ಈ ಸಲ ಕೂತೇ ಇದ್ದೆ.

"ಬೆಲ್ಲಿನ ವಿಷಯ ಹೇಳಿ," ಎಂದೆ.

"ಯಾವ ಬೆಲ್?"

"ಕಾಫಿ ಅಂಗಡಿ ಎದುರು ನಿಂತು ಟ್ರಿಂಗ್ ಟ್ರಿಂಗ್ ಮಾಡಿದ್ದು. ಚಾ ತಂದುಕೊಡ್ಲಿಕ್ಕೆ."

ಗಂಡನ ಅಕ್ಕ, ನನ್ನ ಅತ್ತಿಗೆ, ನೆಟ್ಟಗೆ ಕೂತರು. "ಸೈಕಲಲ್ಲಿ ಕೂತುಕೊಂಡಾ?"

"ಕೂತುಕೊಂಡೇ, ಅತ್ತಿಗೆ. ಇಳೀಲೇ ಇಲ್ಲ. ಚಾ ಮಾಫಿ, ಬರ್ಲೇ ಇಲ್ಲ. ಬಂದದ್ದು ನಾನು, ಇವರ ಬೆನ್ನಿಗೆ."

ಅತ್ತಿಗೆ ಸೆರಗು ಬಾಯಿಗೆ ಒತ್ತಿಕೊಂಡು ನಗತೊಡಗಿದರು. "ಅಯ್ಯೋ ದೇವರೇ! ಇವ ಬೆಳಿಗ್ಗೆ ನಮ್ಮ ಕೆಳಗಿನ ಗ್ರೋಸರಿಗೂ ಹಾಗೇ ಮಾಡಿದ. ಒಂದು ಕಟ್ಟು ಕೊತ್ತಂಬರಿ ಸೊಪ್ಪಿಗೆ ಎಂತ ಹಾರ್ನ್ ಅದು! ನಾನು ಮೇಲಿಂದ ನೋಡ್ತಿದ್ದೆ." ಪಕ್ಕದ ಫ್ಲಾಟಿನವರು ಗಂಡನ ಮುಖ ನೋಡಿ ನಕ್ಕರು.

"ಬೆಲ್ ಮಾಡಿದ್ದಿರ್ಬಹುದು," ಎಂದರು ಗಂಡ. "ಆದ್ರೆ ನೀನು ಬಾಕ್ಸಲ್ಲಿ ಕೂತದ್ದು ಕೂತದ್ದೇ."

"ಹಾಗಾದ್ರೆ ನನ್ನ ಸೈಕಲ್ ಯಾರು ತಂದದ್ದು?"

"ನಾನು. ಒಂದು ಕೈಯಲ್ಲಿ ನನ್ನದು, ಇನ್ನೊಂದು ಕೈಯಲ್ಲಿ ನಿನ್ನದು."

"ಆ ಓಣಿಯಲ್ಲಿ ಎರಡು ಸೈಕಲ್ ಒಟ್ಟಿಗೆ ಹೋಗ್ಲಿಕ್ಕೆ ಜಾಗ ಇದ್ದಿದ್ರೆ ನಾನು ಬೀಳ್ತಾನೇ ಇರ್ಲಿಲ್ಲ, ಮಾರಾಯ್ರೆ. ಪಕ್ಕದಿಂದ ದಾಟಿ ಹೋಗ್ತಿದ್ದೆ."

ಅತ್ತಿಗೆ ಕಣ್ಣು ಒರೆಸಿಕೊಂಡು ನನ್ನ ಕಡೆ ತಿರುಗಿದರು. "ಅವನದ್ದು ಇರ್ಲಿ. ನೀನು ಹೇಳು. ಕೂತಿದ್ಯಾ, ಇಲ್ವಾ?"

"ಕೂತಿಲ್ಲ," ಎಂದೆ. ಗಟ್ಟಿಯಾಗಿ. ಹಾಗೆ ಹೇಳುವಾಗ ಆ ಕಂದು ನಾಯಿ ಕಣ್ಣೆದುರು ನಿಂತಿತ್ತು. ಆದರೂ ಹೇಳಿದೆ. ಅವರ ಖಚಿತವಲ್ಲದ ಕತೆ ಇಷ್ಟು ವರ್ಷ ಖಚಿತವಾಗಿ ಓಡಾಡಿದೆ. ನನ್ನದೂ ಸ್ವಲ್ಪ ಓಡಾಡಲಿ.

ದುಬೈಗೆ ಮರಳುವ ದಾರಿಯಲ್ಲಿ ಒಂದು ಕೆಫೆಟೇರಿಯಾ ಎದುರು ಕಾರು ನಿಲ್ಲಿಸಿದರು. ಇಲ್ಲಿ ನಾನು ಬಾಗಿಲು ತೆಗೆದು ಇಳಿದು, ನಡೆದು ಹೋಗಿ ಚಹಾ ತಂದೆ ಎಂದು ಬರೆದರೆ ಎಷ್ಟು ಚೆನ್ನಾಗಿರುತ್ತದೆ. ಹಾಗೆ ಆಗಲಿಲ್ಲ. ಅವರು ಹಾರ್ನ್ ಹಾಕಿದರು. ಚಹಾ ಬಂತು. ಕುಡಿದೆ. ಚೆನ್ನಾಗಿತ್ತು.

ಅರ್ಧ ಲೋಟ ಮುಗಿದ ಮೇಲೆ ಅವರೇ ಅಂದರು, "ಅಲ್ಲಿ ಒಂದು ನಾಯಿ ಇತ್ತು ಅಲ್ವಾ? ಕಂದು ಬಣ್ಣದ್ದು. ನಿನ್ನ ಮುಖದ ಹತ್ತಿರವೇ ಬಂದಿತ್ತು."

ನಾಯಿಯ ವಿಷಯ ನಾನು ಯಾರಿಗೂ ಹೇಳಿರಲಿಲ್ಲ. "ಆಗ ನಾನು ಎಲ್ಲಿದ್ದೆ?" ಎಂದು ಕೇಳಿದೆ.

ಅವರು ಸ್ಟೇರಿಂಗ್ ಮೇಲೆ ಬೆರಳು ಬಡಿಯುತ್ತಾ ಬಹಳ ಹೊತ್ತು ಯೋಚಿಸಿದರು. ಅವರು ಹೀಗೆ ನಿಲ್ಲುವುದನ್ನು ನಾನು ಕಂಡದ್ದು ಕಡಿಮೆ. ಇದು ನಗಿಸಲು ಕೊಡುವ ನಿಲುಗಡೆ ಆಗಿರಲಿಲ್ಲ.

"ಸರಿ ನೆನಪಿಲ್ಲ ಮಾರಾಯ್ತಿ," ಎಂದರು.

ನನಗೂ ಇಲ್ಲ. ಅವರು ಬೆಲ್ ಹೊಡೆದದ್ದು ನಿಜ, ನಾನು ಬಿದ್ದದ್ದು ನಿಜ. ನಾಯಿ ಇತ್ತು ಎಂಬುದಕ್ಕೆ ಈಗ ಎರಡು ಸಾಕ್ಷಿಗಳಿವೆ. ಆ ಹೂಕುಂಡದಿಂದ ಇಗರ್ಜಿಯ ಚೌಕದವರೆಗೆ ನನ್ನ ಸೈಕಲನ್ನು ತಂದದ್ದು ಯಾರು ಎಂದು ನನಗೆ ಗೊತ್ತಿಲ್ಲ.