ರುಚಿ ನೋಡದ ಸಾಂಬಾರ್

ಆಗ ನಾನು ಸೂರತ್ತಿನ ಕತಾರ್‌ಗಾಮಿನಲ್ಲಿ ಅಣ್ಣನ ಹೋಟೆಲಿನ ಅಡುಗೆಯವನು. ಸುತ್ತಲಿನ ವಜ್ರದ ಕಾರ್ಖಾನೆಗಳ ಕೆಲಸಗಾರರು ಬೆಳಿಗ್ಗೆ ನಮ್ಮ ಇಡ್ಲಿ ಸಾಂಬಾರಿಗೇ ಬರುತ್ತಿದ್ದರು. ನಮ್ಮಲ್ಲೊಂದು ಕಟ್ಟುನಿಟ್ಟು: ದೇವರಿಗೆ ನೈವೇದ್ಯ ಆಗುವವರೆಗೆ ಅಡುಗೆಯವನು ಉಪ್ಪು ಸಹ ನೋಡುವಂತಿಲ್ಲ. ಪರಿಮಳದಲ್ಲೇ ಹದ ತಿಳಿಯಬೇಕು. ಊರಲ್ಲಿ ಅಪ್ಪ ಹಾಗೆಯೇ ಕಲಿಸಿದ್ದು.

ಒಂದು ಬೆಳಿಗ್ಗೆ ಒಗ್ಗರಣೆ ಹಾಕಿ ತಿರುಗಿದಾಗ ಸಿಂಕಿನ ಕೆಳಗಿದ್ದ ಫಿನಾಯಿಲ್ ಬಾಟಲಿ ಕಣ್ಣಿಗೆ ಬಿತ್ತು. 'ಇದನ್ನು ಸಾಂಬಾರಿಗೆ ಸುರಿದರೆ?' ಎಂದಿತು ತಲೆ. ತಟ್ಟನೆ ಬಾಟಲಿಗೆ ಬೆನ್ನು ಹಾಕಿದೆ. ಒಳ್ಳೆಯವನಿಗೆ ಇಂಥ ಯೋಚನೆ ಬಂದೀತೇ? ಮರುದಿನವೂ ಬಂತು. ಬಾಟಲಿಯನ್ನು ಹಿಂದಿನ ಓಣಿಗೆ ಸಾಗಿಸಿದೆ. ಆಗ ಹೊಸ ಅನುಮಾನ: ಸಾಗಿಸುವಾಗ ಮೈಮರೆತು ಸುರಿದುಬಿಟ್ಟೆನೋ? ಕುಂಬಳಕಾಯಿ ಕದಿಯದೆಯೇ ಹೆಗಲು ಮುಟ್ಟಿ ನೋಡಿಕೊಳ್ಳುವವನಾದೆ.

ಮೂಸಿದೆ; ಇಂಗಿನ ಘಾಟಿನಲ್ಲಿ ಮೂಗನ್ನೂ ನಂಬಲಾಗಲಿಲ್ಲ. ಕೊನೆಗೆ ಬಾಗಿಲ ಕಡೆ ಕಣ್ಣಿಟ್ಟು, ನೈವೇದ್ಯಕ್ಕೆ ಮೊದಲೇ ಒಂದು ಸೌಟು ಬಾಯಿಗೆ ಹಾಕಿಕೊಂಡೆ. ಏನೂ ಆಗಲಿಲ್ಲ. ಐದು ನಿಮಿಷ ನೆಮ್ಮದಿ, ಮತ್ತೊಂದು ಸೌಟು. ದಿನಾ ಇದೇ ಆಯಿತು. ಒಂದು ದಿನ ಗಿರಾಕಿಗಳು ಕಾಯುತ್ತಿರುವಾಗಲೇ ಇಡೀ ಪಾತ್ರೆಯ ಸಾಂಬಾರನ್ನು ಮೋರಿಗೆ ಚೆಲ್ಲಿದೆ.

ಎದುರಿಗೆ ಹೊಸ ಹೋಟೆಲು ತೆರೆದಿತ್ತು. ಅಣ್ಣನಿಗೂ ಅನುಮಾನ ಹುಟ್ಟಿತು.

"ಎಂತ ಮಾರಾಯ, ಎದುರಿನವ್ರು ನಿಂಗೆ ಎಂತಾದ್ರೂ ಹೇಳಿಕೊಟ್ಟಿದ್ದಾರಾ?"

"ಇಲ್ಲ ಅಣ್ಣ."

"ಮತ್ತೆ ನೈವೇದ್ಯಕ್ಕೆ ಮೊದ್ಲು ಕದ್ದು ತಿನ್ನುದ್ಯಾಕೆ? ನಿನ್ನ ಅತ್ತಿಗೆ ನೋಡಿದ್ದಾಳೆ."

ಅತ್ತುಬಿಟ್ಟೆ. ಎಲ್ಲ ಹೇಳಿದೆ. ಅಣ್ಣ ಒಂದು ಹೆಜ್ಜೆ ಹಿಂದೆ ಸರಿದ. ಆ ಒಂದು ಹೆಜ್ಜೆ ನನಗೆ ಬಹಳ ನೋವು ಕೊಟ್ಟಿತು.

ಆದರೂ ಮನೋವೈದ್ಯೆಯ ಹತ್ತಿರ ಕರೆದುಕೊಂಡು ಹೋದವನು ಅವನೇ. ಪೊಲೀಸರಿಗೆ ಫೋನು ಮಾಡುತ್ತಾರೇನೋ ಎಂದು ನಾನು ಅವರ ಕೈಯನ್ನೇ ನೋಡುತ್ತಿದ್ದೆ. ಅವರು ಹಿಂದಿಯಲ್ಲಿ ಕೇಳಿದ್ದು ಇಷ್ಟೇ: ಯೋಚನೆ ಬಂದಾಗ ಆಸೆಯಾಗುತ್ತದೋ, ಹೆದರಿಕೆಯೋ? ಹೆದರಿಕೆ ಎಂದೆ. ಬೇಡದ ಯೋಚನೆ ಎಲ್ಲರ ತಲೆಗೂ ನುಗ್ಗುತ್ತದೆ, ಬೇರೆಯವರು ಬಿಟ್ಟುಬಿಡುತ್ತಾರೆ, ನೀವು ಹಿಡಿದು ವಿಚಾರಣೆ ಮಾಡುತ್ತೀರಿ. ಇದು ಗೀಳಿನ ಕಾಯಿಲೆ, ಕೊಲೆಗಾರನ ಲಕ್ಷಣವಲ್ಲ ಎಂದರು. ಪರೀಕ್ಷಿಸಿದಷ್ಟೂ ಅನುಮಾನ ಬಲಿಯುತ್ತದಂತೆ. ಮಾತ್ರೆ ಬರೆದುಕೊಟ್ಟು, ರುಚಿ ನೋಡುವುದನ್ನು ನಿಲ್ಲಿಸಿ ಎಂದರು. ಅಪ್ಪ ಹೇಳಿದ್ದೂ ಅದನ್ನೇ, ಕಾರಣ ಬೇರೆ. ಸಮಾಧಾನಕ್ಕೆ ಹೇಳುತ್ತಿದ್ದಾರೆಂದು ಅವರನ್ನೂ ನಾನು ಪೂರ್ತಿ ನಂಬಲಿಲ್ಲ.

ಕೆಲವು ವಾರ ಕಳೆದು ಮತ್ತೆ ಒಲೆಯ ಮುಂದೆ ನಿಂತೆ. ವೈದ್ಯೆ ಹೇಳಿದಂತೆ ಬಾಟಲಿಯೂ ಸಿಂಕಿನ ಕೆಳಗೆ ಮರಳಿತ್ತು. ನೈವೇದ್ಯವಾಯಿತು. ಸೌಟು ಎತ್ತುವಾಗ ಅದೇ ಯೋಚನೆ ಬಂತು. ಬಾಗಿಲಲ್ಲಿ ಅಣ್ಣ. ನನ್ನ ಮೇಲೆ ಕಣ್ಣಿಡಲು ಬಂದಿದ್ದಾನೆ ಎಂದುಕೊಂಡೆ. ಅವನ ಹಿಂದಿನಿಂದ ಶಾಲೆಗೆ ಹೊರಟ ಅವನ ಮಗಳು ಇಡ್ಲಿ ತಟ್ಟೆ ಹಿಡಿದು ಬಂದಳು.

"ಮೊದ್ಲು ಇವಳಿಗೆ ಬಡಿಸು. ಗಿರಾಕಿಗಳಿಗೆ ಮತ್ತೆ," ಎಂದ.

ಬಡಿಸಿದೆ. ಅವಳ ಬಾಯನ್ನೇ ನೋಡುತ್ತ ನಿಂತೆ. ಅವಳು ಒಂದು ತುತ್ತು ತಿಂದು ಮುಖ ಸಿಂಡರಿಸಿದಳು.

"ಕಾಕಾ, ಸಾಲ್ಟೇ ಇಲ್ಲ!"

ವಿಷದ ಚಿಂತೆಯಲ್ಲಿ ಉಪ್ಪು ಹಾಕಲು ಮರೆತಿದ್ದೆ. ಅಣ್ಣ ನಕ್ಕು, ಡಬ್ಬ ತೆಗೆದು ನನ್ನ ಕೈಗಿತ್ತ. ಅದರಲ್ಲಿರುವುದು ಉಪ್ಪೇ ತಾನೇ ಎಂದು ನಾನು ನಾಲಿಗೆಗೆ ಹಚ್ಚಿ ನೋಡಲಿಲ್ಲ. ಒಂದು ಹಿಡಿ ಹಾಕಿ ಕದಡಿದೆ.