ಐದು ಮನೆಯ ಫಕೀರವ್ವ

‘ಫಕೀರವ್ವ: ಭಿಕ್ಷುಕಿ, ದರಿದ್ರಳು.’ ಮಕ್ಕಳ ಹೆಸರುಗಳಿಗೆ ಅರ್ಥ ಹೇಳುವ ಪುಸ್ತಿಕೆಯೊಂದರಲ್ಲಿ ಹೀಗೆ ಅಚ್ಚಾಗಿದೆ. ಯಾರನ್ನೂ ವಿಚಾರಿಸದೆ ಬರೆದ ಈ ಅರ್ಥ ತಪ್ಪು ಮಾತ್ರವಲ್ಲ, ಅನ್ಯಾಯ. ಇಳಕಲ್ಲಿನ ನೇಕಾರಳಾದ ಫಕೀರವ್ವ ನಲವತ್ತು ವರ್ಷಗಳಿಂದ ನಮ್ಮ ನೆರೆಯವಳು. ಆದ್ದರಿಂದ ಸಂಗತಿಯನ್ನು ಇದ್ದಂತೆಯೇ ದಾಖಲಿಸುತ್ತೇನೆ.

ಆಕೆಯ ತಾಯಿ ರತ್ನವ್ವನಿಗೆ ಹುಟ್ಟಿದ ಮೂರು ಕೂಸುಗಳು ಉಳಿಯಲಿಲ್ಲ. ನಾಲ್ಕನೆಯದು ಉಳಿದರೆ ಫಕೀರನ ದಾರ ಕಟ್ಟಿಸಿ, ಐದು ಮನೆ ಬೇಡಿಸಿ, ಅದೇ ಹೆಸರಿಡುವೆನೆಂದು ಆಕೆ ಮೊಹರಂನ ಅಲಾಯಿ ದೇವರಿಗೆ ಹರಕೆ ಹೊತ್ತಳು. ಅರವತ್ತಾರು ವರ್ಷಗಳ ಹಿಂದೆ, ನೆರೆಮನೆಯ ಲಾಡಬಿ ಆ ಕೂಸಿನ ಕೊರಳಿಗೆ ಕೆಂಪು ದಾರ ಕಟ್ಟಿ, ಅದನ್ನೆತ್ತಿಕೊಂಡು ಐದು ಮನೆಗಳ ಮುಂದೆ ಸೆರಗೊಡ್ಡಿ ಜೋಳ ಬೇಡಿ ತಂದಳು. ಹತ್ತಲ್ಲ, ಐದು. ಆ ಜೋಳದ ಗಂಜಿಯನ್ನು ಕೂಸಿನ ತುಟಿಗೆ ಮುಟ್ಟಿಸಿ, ‘ಇನ್ನ ಇದು ನಿನ್ನೊಬ್ಬಾಕಿ ಕೂಸಲ್ಲ ರತ್ನಾ, ಐದು ಮನಿ ಕೂಸು’ ಎಂದಳಂತೆ. ಹೆಸರಿನ ಅರ್ಥ ಇದು. ಆ ಐದರಲ್ಲೊಂದು ಮನೆಯ ಮಗ್ಗದಲ್ಲಿಯೇ ಫಕೀರವ್ವ ಮುಂದೆ ಕೊಂಡಿ ಹಾಕುವುದನ್ನು, ಅಂದರೆ ಸೀರೆಯ ಒಡಲಿನ ಎಳೆಗಳಿಗೆ ಸೆರಗಿನ ಎಳೆಗಳನ್ನು ಒಂದೊಂದಾಗಿ ಸೇರಿಸುವುದನ್ನು, ಕಲಿತಳು.

ಕಳೆದ ತಿಂಗಳು ಬಾಗಲಕೋಟೆಯ ವಿದ್ಯಾಗಿರಿಯಲ್ಲಿ, ಸೊಸೆ ಚೇತನಾಳ ತವರಿನಲ್ಲಿ, ಮೊಮ್ಮಗಳಿಗೆ ಹೆಸರಿಡುವ ಕಾರ್ಯ. ಕೂಸಿಗೆ ತನ್ನ ಹೆಸರು ಬರಲಿ ಎಂಬ ಆಸೆಯನ್ನು ಫಕೀರವ್ವ ಬಸ್ಸಿನಲ್ಲಿ ನನಗೂ ನನ್ನ ಹೆಂಡತಿಗೂ ಮಾತ್ರ ಹೇಳಿದ್ದಳು. ಅಲ್ಲಿ ನನ್ನ ಹೆಂಡತಿ ಅದನ್ನು ಎಲ್ಲರೆದುರು ಹೇಳಿಬಿಟ್ಟಳು.

ಚೇತನಾಳ ತಾಯಿ ಶೀಲಾ ಆ ಪುಸ್ತಿಕೆಯನ್ನೇ ತೆರೆದು ಓದಿದರು. ‘ತಪ್ಪ ತಿಳಕೋಬ್ಯಾಡ್ರಿ ಬೀಗತಿ. ತಿರುಕಿ ಅನ್ನೂ ಅರ್ಥದ ಹೆಸರು ಹೆಂಗ ಇಡೂದ್ರಿ?’

‘ನಿಮಗ ಸೇರಿದ್ದು ಇಡ್ರಿ’ ಎಂದು ಫಕೀರವ್ವ ನೆಲ ನೋಡಿದಳು.

ಸುಮ್ಮನಿರುವುದು ನನ್ನಿಂದ ಆಗಲಿಲ್ಲ. ಐದು ಮನೆಗಳ ಸಂಗತಿಯನ್ನು ಮೊದಲಿನಿಂದ ಕೊನೆಯವರೆಗೆ ಹೇಳಿದೆ.

‘ಅತ್ತಿ, ಇಷ್ಟ ದಿನ ಯಾಕ ಹೇಳಲಿಲ್ರಿ?’ ಎಂದಳು ಚೇತನಾ.

‘ಕೇಳಿದ್ರ ಹೇಳತಿದ್ದೆ. ನನ್ನ ಹೆಸರು ಬಾಯಾಗ ತರಬಾರ್ದಂತ ನೀ ಕೇಳಲೇ ಇಲ್ಲ.’

ಅತ್ತೆಯ ಹೆಸರನ್ನು ಸೊಸೆ ಆಡಬಾರದೆಂಬುದು ನಮ್ಮ ಕಡೆಯ ರೂಢಿ. ಕೂಸಿನ ಸೋದರತ್ತೆ, ಫಕೀರವ್ವನ ಮಗಳು ಶೈಲಾ, ಕೂಸಿನ ಕಿವಿಗೆ ಬಾಗಿ, ‘ಯಾವ ಹೆಸರು ಹೇಳ್ಲಿ?’ ಎಂದಾಗ ಚೇತನಾ ಬಾಯಿ ಬಿಡಲಿಲ್ಲ. ಅತ್ತೆಯ ಕಡೆಗೆ ಕೈ ತೋರಿದಳು. ಶೈಲಾ ಕೂಸಿನ ಕಿವಿಯಲ್ಲಿ ಹೆಸರು ಹೇಳಿದಳು. ಹೆಂಗಸರು ವಾಡಿಕೆಯಂತೆ ಅವಳ ಬೆನ್ನಿಗೆ ಗುದ್ದಿದರು.

ಶೀಲಾ ಪುಸ್ತಿಕೆ ಮುಚ್ಚಿಟ್ಟು ಮಗಳ ಕಡೆ ನೋಡಿ ನಕ್ಕರು. ‘ಇನ್ನ ಕೂಸಿನ್ನ ಏನಂತ ಕರೀತೀ?’

‘ಅವ್ವಾ ಅಂತೇನಿ. ಬೈಯೂ ಮುಂದ ಅಷ್ಟ ಪೂರ್ತಿ ಹೆಸರು!’ ಎಂದಳು ಚೇತನಾ.

‘ಬೈಯವ್ವಾ, ಬೈ’ ಎಂದಳು ಫಕೀರವ್ವ, ತೊಟ್ಟಿಲು ತೂಗುತ್ತ. ‘ಇಬ್ಬರೂ ಓ ಅಂತೀವಿ.’